ಕಡಲು ನಮ್ಮ ಮೋರಿಯಲ್ಲೇ ಶುರುವಾಗುತ್ತದೆ

ಮಳೆಗಾಲ ಹಿಂದೆ ಸರಿಯುತ್ತಿದ್ದ ಒಂದು ಬೆಳಗ್ಗೆ ನಾಗಪುರದ ಅಂಬಾಝರಿ ಕೆರೆಯ ಏರಿಯ ಮೇಲೆ ನಿಂತಿದ್ದೆ. ಕೆಳಗೆ, ನೀರಿನ ಅಂಚಿನಲ್ಲಿ, ಅಂತರಗಂಗೆಯ ದಪ್ಪ ಎಲೆಗಳ ನಡುವೆ ಒಂದು ನೀರಿನ ಬಾಟಲಿ ಸಿಕ್ಕಿಕೊಂಡಿತ್ತು. ಮುಚ್ಚಳ ಬಿಗಿಯಾಗಿತ್ತು. ಯಾರೋ ಕುಡಿದು ಉಳಿಸಿದ ಎರಡು ಗುಟುಕು ನೀರು ಒಳಗೆ ಬಿಸಿಲಿಗೆ ಹೊಳೆಯುತ್ತಿತ್ತು. ಬಾಟಲಿಯ ಕುತ್ತಿಗೆಗೆ ಸಣ್ಣದೊಂದು ಬಸವನಹುಳು ಅಂಟಿಕೊಂಡಿತ್ತು. ವಾಕಿಂಗಿಗೆ ಬಂದಿದ್ದ ಹಿರಿಯರೊಬ್ಬರು ನಾನು ಅದನ್ನೇ ನೋಡುತ್ತಿರುವುದನ್ನು ಕಂಡು, ಸಮಾಧಾನ ಹೇಳುವ ದನಿಯಲ್ಲಿ ಅಂದರು: "ಒಂದು ಜೋರು ಮಳೆ ಬಂದರೆ ಎಲ್ಲಾ ಹೋಗಿಬಿಡುತ್ತೆ ಬಿಡಿ."

ಅಂದಿನಿಂದ ಆ ಮಾತು ನನ್ನನ್ನು ಬಿಟ್ಟಿಲ್ಲ. ಹೋಗಿಬಿಡುತ್ತದೆ, ಸರಿ. ಎಲ್ಲಿಗೆ?

ಉತ್ತರ ಗುಟ್ಟೇನಲ್ಲ, ನಕ್ಷೆಯಲ್ಲಿದೆ. ಅಂಬಾಝರಿ ಕೋಡಿ ಬಿದ್ದರೆ ನೀರು ನಾಗ ನದಿಗೆ ಇಳಿಯುತ್ತದೆ. ನಾಗಪುರಕ್ಕೆ ಹೆಸರು ಕೊಟ್ಟ ನದಿ ಅದು. ಊರೊಳಗೆ ಸುಮಾರು 17 ಕಿಲೋಮೀಟರ್ ಹರಿದು, ಊರಿನ ಕೊಳಚೆಯನ್ನೆಲ್ಲ ಹೊತ್ತು, ಪೂರ್ವಕ್ಕೆ ಹೋಗಿ ಕನ್ಹಾನ್ ನದಿ ಸೇರುತ್ತದೆ. ಕನ್ಹಾನ್ ಹೋಗಿ ವೈನಗಂಗೆಯನ್ನು ಕೂಡುತ್ತದೆ. ವೈನಗಂಗೆ ಭಂಡಾರಾ ಜಿಲ್ಲೆಯ ಗೋಸೀಖುರ್ದ್ ಅಣೆಕಟ್ಟಿನ ಹಿನ್ನೀರಿನಲ್ಲಿ ಸ್ವಲ್ಪ ಕಾಲ ನಿಂತು, ಮುಂದೆ ವರ್ಧಾ ನದಿಯೊಡನೆ ಬೆರೆತು ಪ್ರಾಣಹಿತಾ ಆಗುತ್ತದೆ. ಪ್ರಾಣಹಿತಾ ಕಾಳೇಶ್ವರದ ಬಳಿ ಗೋದಾವರಿಗೆ ಸೇರುತ್ತದೆ. ಗೋದಾವರಿ ಬಂಗಾಳಕೊಲ್ಲಿಗೆ. ಎರಡು ಗುಟುಕು ನೀರು ಉಳಿದಿದ್ದ ಆ ಬಾಟಲಿ ಹಿಡಿಯಬಹುದಾದ ದಾರಿ ಇಷ್ಟೇ. ಅಣೆಕಟ್ಟಿನಲ್ಲಿ ತಡೆದು ನಿಂತರೂ ಅದು ಇಲ್ಲವಾಗುವುದಿಲ್ಲ. ಬಿಸಿಲಿಗೆ ಒಣಗಿ, ಒಡೆದು, ಚೂರಾಗಿ, ಚೂರು ಪುಡಿಯಾಗಿ ಮುಂದಿನ ಮಳೆಗೆ ಕಾಯುತ್ತದೆ.

ನಾಗಪುರ ದೇಶದ ನಡುಮಧ್ಯದ ಊರು. ಇಲ್ಲಿನ ಝೀರೋ ಮೈಲ್ ಕಂಬದ ಬಳಿ ನಿಂತು ಯಾವ ದಿಕ್ಕಿಗೆ ಹೊರಟರೂ ಕಡಲು ಸಿಗಲು ನೂರಾರು ಕಿಲೋಮೀಟರ್ ನಡೆಯಬೇಕು. ಕಡಲಿನ ಕಷ್ಟ ಕರಾವಳಿಯವರ ಕಷ್ಟ ಎಂದು ನಾವು ಇಲ್ಲಿ ನಿಶ್ಚಿಂತೆಯಿಂದ ಇದ್ದೇವೆ. ಈ ನಿಶ್ಚಿಂತೆಯನ್ನು ಇವತ್ತು ಕಲಕಬೇಕಾಗಿದೆ. ಅದಕ್ಕಾಗಿ ಕಡಲನ್ನೇ ಬದುಕು ಮಾಡಿಕೊಂಡ ಕೆಲವರ ಕಥೆಯನ್ನು ನಿಮ್ಮ ಮುಂದೆ ಇಡುತ್ತೇನೆ.

ಮೊದಲನೆಯವರು ನೆದರ್ಲೆಂಡ್ಸಿನ ಕ್ಯಾರೊಲಿನ್ ಬ್ರೌವರ್. ಹಾಯಿದೋಣಿಯ ಆಟದಲ್ಲಿ ದೊಡ್ಡ ಹೆಸರು. 1998ರಲ್ಲೇ ವರ್ಷದ ವಿಶ್ವ ನಾವಿಕಿ ಎನಿಸಿಕೊಂಡವರು. ಮೂರು ಒಲಿಂಪಿಕ್ಸ್ ಕಂಡವರು. ಪ್ರಪಂಚ ಸುತ್ತುವ ಹಾಯಿದೋಣಿ ಓಟ, ಆಗಿನ ಹೆಸರಿನಲ್ಲಿ ವೋಲ್ವೊ ಓಷನ್ ರೇಸ್, 1973ರಿಂದ ನಡೆಯುತ್ತ ಬಂದಿದ್ದರೂ ಗೆದ್ದವರ ಪಟ್ಟಿ ಬಹುಪಾಲು ಗಂಡಸರದೇ ಆಗಿತ್ತು. 2018ರ ಜೂನ್ 24ರಂದು ಹೇಗ್ ನಗರದ ದಡದಲ್ಲಿ ಆ ಚರಿತ್ರೆ ಮುರಿಯಿತು. ಬ್ರೌವರ್ ಮತ್ತು ಫ್ರಾನ್ಸಿನ ಮರಿ ರಿಯು ಇದ್ದ ಡಾಂಗ್‌ಫೆಂಗ್ ದೋಣಿ ಕೊನೆಯ ಹಂತದಲ್ಲಿ ಎದುರಾಳಿಗಳಿಗಿಂತ ಬೇರೆ ದಾರಿ ಹಿಡಿದು, ಕರಾವಳಿಯ ಅಂಚಿನಲ್ಲೇ ಸಾಗಿ, ಮೊದಲು ಗುರಿ ಮುಟ್ಟಿತು. ಎಂಟು ತಿಂಗಳು, ಸುಮಾರು 45,000 ನಾಟಿಕಲ್ ಮೈಲಿ ಓಡಿದ ಮೇಲೆ ಕೊನೆಯ ಹಂತದ ಗೆಲುವಿನ ಅಂತರ ಹದಿನಾರು ನಿಮಿಷ. ಆ ವರ್ಷ ಇಬ್ಬರೂ ಸೇರಿ ವಿಶ್ವ ನಾವಿಕಿಯರಾದರು.

ಆದರೆ ಆ ಓಟ ಮನುಕುಲಕ್ಕೆ ಕೊಟ್ಟುಹೋದದ್ದು ಪದಕಕ್ಕಿಂತ ದೊಡ್ಡದು. ಪೈಪೋಟಿಯಲ್ಲಿದ್ದ ದೋಣಿಗಳಲ್ಲಿ ಒಂದಕ್ಕೆ 'ಪ್ಲಾಸ್ಟಿಕ್ಕಿನ ಅಲೆಯನ್ನು ತಿರುಗಿಸಿ' ಎಂಬ ಅರ್ಥದ ಹೆಸರನ್ನೇ ಇಟ್ಟಿದ್ದರು. ಬ್ರಿಟನ್ನಿನ ಡೀ ಕ್ಯಾಫರಿ ಅದರ ನಾಯಕಿ. ಆ ದೋಣಿಯಲ್ಲೂ ನೆದರ್ಲೆಂಡ್ಸಿನ ಒಂದು ದೋಣಿಯಲ್ಲೂ ಕಡಲ ನೀರನ್ನು ಸೋಸುವ ಯಂತ್ರ ಕೂರಿಸಿದ್ದರು. ಒಂದೊಂದು ಕಿಲೋ ತೂಕವನ್ನೂ ಲೆಕ್ಕಹಾಕಿ ಕಳೆಯುವ ಆಟದಲ್ಲಿ, ಬೇಕೆಂದೇ ಹೆಚ್ಚಿನ ಭಾರ ಹೊತ್ತು ಓಡಿದರು. ದಕ್ಷಿಣ ಪೆಸಿಫಿಕ್ಕಿನಲ್ಲಿ ಪಾಯಿಂಟ್ ನೆಮೊ ಎಂಬ ಜಾಗವಿದೆ. ಭೂಮಿಯ ಮೇಲೆ ದಡದಿಂದ ಅತಿ ದೂರದ ತಾಣ ಅದು. ಅತಿ ಹತ್ತಿರದ ನೆಲವೂ ಅಲ್ಲಿಂದ ಸುಮಾರು 2,688 ಕಿಲೋಮೀಟರ್. ಅಲ್ಲಿ ಮೀನುಗಾರರಿಲ್ಲ, ಊರಿಲ್ಲ, ಹಡಗಿನ ಮಾಮೂಲು ದಾರಿಯೂ ಇಲ್ಲ. ಆ ಜಾಗದ ಸುತ್ತಮುತ್ತ ಎತ್ತಿದ ನೀರನ್ನು ಪ್ರಯೋಗಾಲಯದಲ್ಲಿ ನೋಡಿದಾಗ ಒಂದು ಘನ ಮೀಟರಿನಲ್ಲಿ 9ರಿಂದ 26 ಪ್ಲಾಸ್ಟಿಕ್ ಕಣಗಳು ಸಿಕ್ಕವು.

ಒಂದು ಗಳಿಗೆ ಇಲ್ಲಿ ನಿಲ್ಲಿ. ಮನುಷ್ಯನ ಕಾಲೇ ಬೀಳದ ಜಾಗದಲ್ಲಿ ಮನುಷ್ಯ ಎಸೆದದ್ದು ತೇಲುತ್ತಿದೆ. ಯಾರ ಮನೆಯದು ಆ ಕಣ? ಯಾವ ಊರಿನದು? ಅದರ ಮೇಲೆ ಹೆಸರು ಬರೆದಿಲ್ಲ. ಹೆಸರು ಬರೆದಿಲ್ಲ ಎಂಬ ಧೈರ್ಯದಿಂದಲೇ ನಾವು ಎಸೆಯುತ್ತಿರುವುದು.

ಏಳು ವರ್ಷದ ನಂತರ ನಮ್ಮ ದೇಶದ ಇಬ್ಬರು ಹೆಣ್ಣುಮಕ್ಕಳು ಅದೇ ಜಾಗವನ್ನು ಹಾದುಹೋದರು. ನೌಕಾಪಡೆಯ ಲೆಫ್ಟಿನೆಂಟ್ ಕಮಾಂಡರ್ ದಿಲ್ನಾ ಮತ್ತು ಲೆಫ್ಟಿನೆಂಟ್ ಕಮಾಂಡರ್ ರೂಪಾ. 2024ರ ಅಕ್ಟೋಬರ್ 2, ಗಾಂಧಿ ಜಯಂತಿಯ ದಿನ, ಐಎನ್‌ಎಸ್‌ವಿ ತಾರಿಣಿ ಎಂಬ ಹಾಯಿದೋಣಿಯಲ್ಲಿ ಗೋವಾದಿಂದ ಹೊರಟರು. ದೋಣಿಯಲ್ಲಿ ಇದ್ದವರು ಇಬ್ಬರೇ. ಗಾಳಿಯೇ ಎಂಜಿನ್. 2025ರ ಜನವರಿ 30ರಂದು ಪಾಯಿಂಟ್ ನೆಮೊ ತಲುಪಿದಾಗ ಅವರು ಅಲ್ಲಿನ ನೀರಿನ ಮಾದರಿ ತೆಗೆದು ಜೋಪಾನವಾಗಿ ಇಟ್ಟುಕೊಂಡರು. ಗೋವಾದ ರಾಷ್ಟ್ರೀಯ ಸಾಗರ ವಿಜ್ಞಾನ ಸಂಸ್ಥೆ ಅದರಲ್ಲಿ ಪ್ಲಾಸ್ಟಿಕ್ ಕಣಗಳನ್ನು ಹುಡುಕಲಿ ಎಂದು. ಬೆಟ್ಟದಂಥ ಅಲೆಗಳ ನಡುವೆ, ಚಳಿಯಲ್ಲಿ ಮರಗಟ್ಟಿದ ಕೈಯಲ್ಲಿ, ಸೀಸೆಗೆ ನೀರು ತುಂಬಿ ಮುಚ್ಚಳ ಹಾಕಿ ತಾರೀಕು ಬರೆಯುವ ಕೆಲಸವನ್ನು ಊಹಿಸಿಕೊಳ್ಳಿ. ಅವರು ಮೇ 29ರಂದು ಮರಳಿ ಬಂದಾಗ 25,400 ನಾಟಿಕಲ್ ಮೈಲಿ ಸುತ್ತಿದ್ದರು. ದೇಶ ಹಾರ ಹಾಕಿತು, ಹಾಕಲೇಬೇಕಿತ್ತು. ಆದರೆ ಆ ಸೀಸೆ ನಮಗೆ ಕೇಳುತ್ತಿರುವ ಪ್ರಶ್ನೆಗೆ ಹಾರ ಉತ್ತರವಾಗುವುದಿಲ್ಲ.

ನೀರು ಕೆಡುತ್ತಿದೆ ಎಂಬ ಮಾತನ್ನು ನಾವಿಕರು ಯಾಕೆ ಎಲ್ಲರಿಗಿಂತ ಮೊದಲು ಎತ್ತುತ್ತಾರೆ? ಕಾರಣ ಸರಳ. ಅವರ ಮುಖ ನೀರಿಗೆ ಒಂದು ಮೊಳ ದೂರದಲ್ಲಿರುತ್ತದೆ. ಅಲೆ ಹಾರಿದಾಗ ಬಾಯಿಗೆ ಬರುವುದು ಅದೇ ನೀರು. ಸೇತುವೆಯ ಮೇಲೆ ಕಾರಿನ ಗಾಜು ಏರಿಸಿಕೊಂಡು ಹೋಗುವವರಿಗೆ ಕಾಣದ್ದು ಅವರಿಗೆ ಕಾಣುತ್ತದೆ, ಮೂಗಿಗೆ ಬಡಿಯುತ್ತದೆ.

2016ರ ರಿಯೊ ಒಲಿಂಪಿಕ್ಸ್ ನೆನಪಿದೆಯೇ? ಹಾಯಿದೋಣಿ ಸ್ಪರ್ಧೆ ನಡೆದದ್ದು ಗ್ವಾನಬಾರಾ ಕೊಲ್ಲಿಯಲ್ಲಿ. ಕ್ರೀಡಾಕೂಟ ಪಡೆಯುವಾಗ ಆ ನಗರ ಒಂದು ಮಾತು ಕೊಟ್ಟಿತ್ತು. ಕೊಲ್ಲಿಗೆ ಬೀಳುವ ಕೊಳಚೆಯಲ್ಲಿ ನೂರಕ್ಕೆ ಎಂಬತ್ತು ಭಾಗವನ್ನು ಶುದ್ಧಮಾಡುತ್ತೇವೆ ಎಂದು. ಕ್ರೀಡಾಂಗಣಗಳು ಎದ್ದವು, ಬೆಳಕು ಹತ್ತಿತು, ಕೊಟ್ಟ ಮಾತು ಮಾತ್ರ ನಿಲ್ಲಲಿಲ್ಲ. ಹಿಂದಿನ ವರ್ಷದ ಪೂರ್ವಭಾವಿ ಸ್ಪರ್ಧೆಗೆ ಬಂದ ಜರ್ಮನಿಯ ಎರಿಕ್ ಹೈಲ್ ಚರ್ಮಕ್ಕೆ ಹತ್ತಿದ ಕೆಟ್ಟ ಸೋಂಕಿಗೆ ಊರಿಗೆ ಮರಳಿ ಚಿಕಿತ್ಸೆ ಪಡೆಯಬೇಕಾಯಿತು. 2012ರಲ್ಲಿ ಕಂಚು ಗೆದ್ದಿದ್ದ ಬೆಲ್ಜಿಯಮ್ಮಿನ ಎವಿ ವಾನ್ ಆಕರ್, ರಿಯೊದಲ್ಲಿ ಅಭ್ಯಾಸದ ದಿನಗಳಲ್ಲಿ ತಗುಲಿದ ಹೊಟ್ಟೆಯ ಸೋಂಕಿನಿಂದ ನಿತ್ರಾಣರಾಗಿ ಸ್ಪರ್ಧಿಸಿ ನಾಲ್ಕನೆಯವರಾದರು. ಅವರ ತರಬೇತುದಾರರ ಅನುಮಾನ ಆ ನೀರಿನ ಮೇಲೆಯೇ ಇತ್ತು. ಅದೇ ಸ್ಪರ್ಧೆಯಲ್ಲಿ ಚಿನ್ನ ಗೆದ್ದವರು ಡಚ್ ನಾವಿಕಿ ಮಾರಿಟ್ ಬೌಮೀಸ್ಟರ್. ಇಬ್ಬರೂ ಇಳಿದದ್ದು ಒಂದೇ ನೀರಿಗೆ. ಪದಕ ಗೆದ್ದವರಿಗೂ ಸೋತವರಿಗೂ ಆ ನೀರಿನಲ್ಲಿ ಭೇದವಿಲ್ಲ. ಕೊಲ್ಲಿಯ ದಡದ ಬಡ ಮೀನುಗಾರನಿಗೆ ಅದು ದಿನದಿನದ ನೀರು. ಕ್ರೀಡಾಪಟುಗಳು ಎರಡು ವಾರದಲ್ಲಿ ಹೊರಟುಹೋದರು, ಅವನು ಅಲ್ಲೇ ಉಳಿದ.

ರಿಯೊ ದೂರದ ಮಾತು ಎನ್ನಬೇಡಿ. ಈಗ ನಾಗಪುರಕ್ಕೆ ಬರುತ್ತೇನೆ.

2023ರ ಸೆಪ್ಟೆಂಬರ್ 23. ಬೆಳಗಿನ ಜಾವ, ಊರೆಲ್ಲ ನಿದ್ದೆಯಲ್ಲಿದ್ದಾಗ, ಕೆಲವೇ ಗಂಟೆಗಳಲ್ಲಿ ನೂರು ಮಿಲಿಮೀಟರಿಗೂ ಹೆಚ್ಚು ಮಳೆ ಸುರಿಯಿತು. ಅಂಬಾಝರಿ ಉಕ್ಕಿತು. ನಾಗ ನದಿಗೆ ಆ ನೀರನ್ನು ಹೊರಲು ಜಾಗವಿರಲಿಲ್ಲ. ಎರಡೂ ದಡ ಒತ್ತಿ ಕಟ್ಟಿದ್ದೆವು, ಹೊಟ್ಟೆಯಲ್ಲಿ ಕಸ ತುಂಬಿದ್ದೆವು. ಕೆರೆಯ ಕೆಳಗಿನ ಬಡಾವಣೆಗಳಲ್ಲಿ ಮಲಗಿದ್ದವರ ಮಂಚದವರೆಗೆ ನೀರು ಬಂತು. ಮಾತು ಬಾರದ, ಕಿವಿ ಕೇಳಿಸದ ಮಕ್ಕಳ ಶಾಲೆಯಿಂದ ಮಕ್ಕಳನ್ನು ರಕ್ಷಣಾ ಪಡೆಯವರು ಹೊರತರಬೇಕಾಯಿತು. ಸೇನೆ ಇಳಿಯಿತು. ಕನಿಷ್ಠ ನಾಲ್ಕು ಜನ ಸತ್ತರು. ನದಿಗೆ ಸಿಟ್ಟು ಬಂದಿತ್ತು ಎಂದು ಜನ ಮಾತಾಡಿಕೊಂಡರು. ನದಿಗೆ ಸಿಟ್ಟು ಬರುವುದಿಲ್ಲ. ಅದು ತನ್ನ ದಾರಿ ಕೇಳಿತು, ಅಷ್ಟೇ. ಆ ದಾರಿಯನ್ನು ನಾವು ತಿಂದಿದ್ದೆವು.

ಇದಾಗಿ ಮೂರೇ ದಿನಕ್ಕೆ, ಸೆಪ್ಟೆಂಬರ್ 26ರಂದು, ಚೀನಾದ ಹಾಂಗ್‌ಝೌ ಏಷ್ಯನ್ ಕ್ರೀಡಾಕೂಟದಲ್ಲಿ ನೇಹಾ ಠಾಕೂರ್ ಎಂಬ ಹದಿನೇಳು ವರ್ಷದ ಹುಡುಗಿ ಹಾಯಿದೋಣಿಯಲ್ಲಿ ಭಾರತಕ್ಕೆ ಬೆಳ್ಳಿ ತಂದುಕೊಟ್ಟಳು. ಮಧ್ಯಪ್ರದೇಶದ ದೇವಾಸ್ ಜಿಲ್ಲೆಯ ರೈತನ ಮಗಳು. ಅವಳ ಊರಿಗೂ ನಾಗಪುರದ ಹಾಗೇ ಕಡಲು ದೂರ. ಅವಳು ಗಾಳಿಯನ್ನು ಓದಲು ಕಲಿತದ್ದು ಭೋಪಾಲದ ದೊಡ್ಡ ಕೆರೆಯಲ್ಲಿ. ಸಾವಿರ ವರ್ಷದ ಹಿಂದೆ ರಾಜಾ ಭೋಜ ಕಟ್ಟಿಸಿದ್ದೆಂದು ಜನ ನಂಬುವ ಆ ಕೆರೆ ಇವತ್ತಿಗೂ ಊರಿಗೆ ಕುಡಿಯುವ ನೀರು ಕೊಡುತ್ತದೆ. 2002ರಿಂದ ಅದು ರಾಮ್ಸರ್ ಪಟ್ಟಿಯಲ್ಲಿರುವ ಜೌಗು ಪ್ರದೇಶ. ಅವಳ ಪದಕದ ತಿಂಗಳಲ್ಲೇ ರಾಷ್ಟ್ರೀಯ ಹಸಿರು ನ್ಯಾಯಮಂಡಳಿ ಆ ಕೆರೆಯಲ್ಲಿ ಡೀಸೆಲ್ ದೋಣಿ, ಕ್ರೂಸ್ ಓಡಿಸುವುದು ಬೇಡ ಎಂದು ಆಜ್ಞೆ ಮಾಡಿತು. ಭೋಪಾಲದ ಕೆರೆಗೂ ಅದರದೇ ಆದ ಕಾಯಿಲೆಗಳಿವೆ, ಇಲ್ಲವೆನ್ನುವುದಿಲ್ಲ. ಆದರೂ ಅದು ಒಂದು ಮಗುವನ್ನು ಬೆಳೆಸುವಷ್ಟು ಜೀವಂತವಾಗಿತ್ತು.

ಆ ವಾರವನ್ನು ನಾನು ಮರೆಯಲಾರೆ. ಒಂದು ಊರಿನ ಕೆರೆ ಪದಕ ಕೊಟ್ಟಿತು, ಇನ್ನೊಂದು ಊರಿನ ಕೆರೆ ಹೆಣ ಕೊಟ್ಟಿತು. ಎರಡೂ ಕೆರೆಗಳು ಮನುಷ್ಯನ ಕೈಯಿಂದ ಆದವು. ಎರಡರ ಮೇಲೂ ಬೀಳುವುದು ಅದೇ ಮುಂಗಾರು. ನಾವು ಹೇಗೆ ನಡೆಸಿಕೊಂಡೆವೋ ಅವು ಹಾಗೆ ನಡೆದುಕೊಂಡವು.

ಅಂಬಾಝರಿಗೆ ಏನು ಕಡಿಮೆ? 1870ರಲ್ಲಿ ಊರಿನ ಬಾಯಾರಿಕೆ ತಣಿಸಲೆಂದೇ ಕಟ್ಟಿದ ಕೆರೆ ಅದು. ಎಷ್ಟೋ ವರ್ಷ ನಾಗಪುರ ಅದರ ನೀರು ಕುಡಿದು ಬೆಳೆಯಿತು. ಈಗ ಪೇಂಚ್ ಮತ್ತು ಕನ್ಹಾನ್ ನೀರು ಬಂದ ಮೇಲೆ ಅದನ್ನು ಮರೆತೆವು. ಮೇಲಿನ ವಸತಿ, ಕೈಗಾರಿಕೆ ಕಡೆಯ ಕೊಳಚೆ ಇಳಿದು, ನೀರಿನ ಮೈಮೇಲೆ ಅಂತರಗಂಗೆ ಹಬ್ಬುತ್ತದೆ. ಇಲ್ಲಿನವರು ಅದಕ್ಕೆ ಜಲಪರ್ಣಿ ಎನ್ನುತ್ತಾರೆ. ಹೂ ಬಿಟ್ಟಾಗ ನೋಡಲು ಚೆಂದ. ಆದರೆ ಆ ಹಸಿರು ಹಾಸಿಗೆಯ ಕೆಳಗೆ ಬೆಳಕಿಲ್ಲ, ಉಸಿರಿಲ್ಲ, ಮೀನಿಗೆ ಬದುಕಿಲ್ಲ. ಕೆರೆಗೆ ಕೊಳಚೆ ಕುಡಿಸಿದವರಿಗೆ ಕೆರೆ ಕಳಿಸುವ ದೂರಿನ ಪತ್ರ ಆ ಹೂವು.

ನಮಗೆ ತಿಳಿವಳಿಕೆ ಇರಲಿಲ್ಲ ಎಂದು ಯಾರೂ ಹೇಳುವಂತಿಲ್ಲ. ದೇಶದ ಪರಿಸರ ಎಂಜಿನಿಯರಿಂಗ್ ಸಂಶೋಧನೆಯ ರಾಷ್ಟ್ರೀಯ ಸಂಸ್ಥೆ ಇರುವುದೇ ನಾಗಪುರದಲ್ಲಿ. 1958ರಲ್ಲಿ ಶುರುವಾಗಿ, 1974ರಿಂದ 'ನೀರಿ' ಎಂದು ಹೆಸರಾದ ಸಂಸ್ಥೆ. ಕನ್ನಡದ ಕಿವಿಗೆ ಆ ಹೆಸರಿನಲ್ಲೇ ನೀರು ಕೇಳಿಸುತ್ತದೆ. ಊರಿಗೆ ಕೈಲಾಗುವುದಿಲ್ಲ ಎಂದೂ ಹೇಳುವಂತಿಲ್ಲ. ಭಾಂಡೇವಾಡಿಯಲ್ಲಿ ಕೊಳಚೆಯನ್ನು ಶುದ್ಧಮಾಡಿ, ದಿನಕ್ಕೆ ನೂರು ದಶಲಕ್ಷ ಲೀಟರಿಗೂ ಹೆಚ್ಚು ನೀರನ್ನು ಕೊರಾಡಿಯ ವಿದ್ಯುತ್ ಸ್ಥಾವರಕ್ಕೆ ಕೊಡುವ ಕೆಲಸವನ್ನು ಇದೇ ಊರು ಮಾಡಿ ತೋರಿಸಿದೆ. ದೇಶಕ್ಕೆ ಮಾದರಿಯಾದ ಕೆಲಸ ಅದು, ಎದೆ ತಟ್ಟಿ ಹೇಳಬೇಕು. ಹಣ ಇಲ್ಲವೆಂದೂ ಅಲ್ಲ. ನಾಗ ನದಿಯನ್ನು ಕೊಳೆಯಿಂದ ಬಿಡಿಸಲು ಜಪಾನಿನ ನೆರವಿನ ಸಾಲದೊಡನೆ 2,117 ಕೋಟಿ ರೂಪಾಯಿಯ ಯೋಜನೆಗೆ 2021ರಲ್ಲೇ ಒಪ್ಪಿಗೆ ಸಿಕ್ಕಿತು. ತಿಳಿವಳಿಕೆ ಇದೆ, ಕೈಚಳಕ ಇದೆ, ಹಣದ ದಾರಿ ಇದೆ. ಇಲ್ಲದ್ದು ಒಂದೇ, ನಾಚಿಕೆ. ತಾಯಿಯ ಹೆಸರಿಟ್ಟುಕೊಂಡು ತಾಯಿಯ ಮೇಲೆ ಉಗುಳುವಾಗ ಹುಟ್ಟಬೇಕಾದ ನಾಚಿಕೆ.

ನಾವು ಕಳಿಸಿದ್ದನ್ನು ಪಡೆಯುವವರು ಯಾರೆಂದು ಒಮ್ಮೆ ಯೋಚಿಸಿ. ಗೋಸೀಖುರ್ದ್ ಹಿನ್ನೀರಿನ ಹಳ್ಳಿಗಳು ನಾಗಪುರದ ಕೊಳಚೆಯ ಬಗ್ಗೆ ವರ್ಷಗಟ್ಟಲೆಯಿಂದ ದೂರುತ್ತ ಬಂದಿವೆ. ಅಲ್ಲಿ ಬಲೆ ಬೀಸುವ ಢೀವರ ಸಮುದಾಯದ ಮನೆಗಳಿವೆ. ಭಂಡಾರಾ ಕೆರೆಗಳ ಜಿಲ್ಲೆ. ಕೋಹಳಿ ಜನ ತಲೆಮಾರುಗಳಿಂದ ಕೆರೆ ಕಟ್ಟಿದ, ಢೀವರರು ಆ ಕೆರೆಗಳಲ್ಲಿ ಮೀನು ಕಾಪಾಡಿದ ನಾಡು. ನೀರಿನ ವಿದ್ಯೆ ಬಲ್ಲ ಜನರ ಬಾಗಿಲಿಗೆ, ನೀರಿನ ವಿದ್ಯೆಗೆ ಹೆಸರಾದ ಸಂಸ್ಥೆ ಇರುವ ಊರು ತನ್ನ ಮೋರಿಯನ್ನು ತಿರುಗಿಸಿದೆ. ಇದಕ್ಕೆ ಅನ್ಯಾಯ ಎಂಬುದಕ್ಕಿಂತ ಮೃದುವಾದ ಪದ ನನಗೆ ಗೊತ್ತಿಲ್ಲ.

ನಾಗಪುರದಲ್ಲಿ ನೆಲೆಸಿದ ಕನ್ನಡಿಗರಿಗೆ ಇಲ್ಲೊಂದು ಮಾತು. ಇದು ಮರಾಠಿ, ಹಿಂದಿಯವರ ಊರು, ನದಿಯ ಉಸಾಬರಿ ನಮಗೇಕೆ ಎಂದು ಅನ್ನಿಸಿದರೆ, ಕವಿರಾಜಮಾರ್ಗವನ್ನು ನೆನಪಿಸಿಕೊಳ್ಳಿ. ಒಂಬತ್ತನೆಯ ಶತಮಾನದ ಆ ಕೃತಿ ಕನ್ನಡ ನಾಡಿನ ಉತ್ತರದ ಎಲ್ಲೆಯಾಗಿ ಹೇಳಿದ್ದು ಗೋದಾವರಿಯನ್ನು. ಆ ಸಾಲನ್ನು ರಾಜ್ಯೋತ್ಸವದ ವೇದಿಕೆಗಳಲ್ಲಿ ನಾವು ಹೆಮ್ಮೆಯಿಂದ ಹೇಳುತ್ತೇವೆ. ನಮ್ಮ ಮನೆಯ ಬಚ್ಚಲ ನೀರು ಹೋಗಿ ಸೇರುವುದು ಆ ಗೋದಾವರಿಗೇ. ನದಿಯ ಹೆಸರು ಹೇಳಿ ಚಪ್ಪಾಳೆ ಗಿಟ್ಟಿಸಿದವರಿಗೆ ನದಿಯ ನೀರಿನ ಹೊಣೆಯೂ ಇದೆ. ಅನ್ನದ ಋಣದ ಹಾಗೆ ನೀರಿನ ಋಣವೂ ಒಂದಿದೆ. ಎಲ್ಲಿ ಕುಡಿದೆವೋ ಅಲ್ಲಿ ತೀರಿಸಬೇಕಾದ ಋಣ ಅದು.

ತವರಿನವರಿಗೂ ಇದೇ ಮಾತು. ಬೆಂಗಳೂರಿನ ಹಲಸೂರು ಕೆರೆಯಲ್ಲಿ ಸೇನೆಯ ಮದ್ರಾಸ್ ಎಂಜಿನಿಯರ್ ಗ್ರೂಪ್ (ಎಂಇಜಿ) ಯೋಧರು ಹಾಯಿದೋಣಿ ಕಲಿಯುತ್ತಾರೆ. ಸೇನೆಯ ಎಂಜಿನಿಯರ್ ದಳದ 'ತೃಷ್ಣಾ' ದೋಣಿ 1985ರಲ್ಲಿ ಮುಂಬೈಯಿಂದ ಹೊರಟು 1987ರಲ್ಲಿ ಮರಳಿ, ಭೂಮಿ ಸುತ್ತಿದ ಮೊದಲ ಭಾರತೀಯ ಹಾಯಿದೋಣಿ ಎನಿಸಿತು. ಅಂಥ ಪರಂಪರೆಯ ಯೋಧರು ಹಾಯಿ ಬಿಚ್ಚುವ ಹಲಸೂರು ಕೆರೆಯಲ್ಲಿ 2016ರ ಮಾರ್ಚಿನ ಒಂದು ಬೆಳಗ್ಗೆ ಸಾವಿರಾರು ಮೀನು ಸತ್ತು ತೇಲಿದವು. ಅತ್ತ ಬೆಳ್ಳಂದೂರು ಕೆರೆಗೆ ಬೆಂಕಿಯೇ ಹತ್ತಿತು. 2018ರ ಜನವರಿಯಲ್ಲಿ ಅದನ್ನು ಆರಿಸಲು ಸೈನಿಕರು ಬರಬೇಕಾಯಿತು. ನೀರಿಗೆ ಬೆಂಕಿ ಬೀಳುವುದನ್ನು ಕಂಡ ತಲೆಮಾರು ನಮ್ಮದು. ಇನ್ನೇನು ನೋಡಬೇಕು ನಾವು, ಎಚ್ಚರಗೊಳ್ಳಲು?

ಹಾಗಾದರೆ ಏನು ಮಾಡಬಹುದು ಎನ್ನುವವರಿಗೆ ಇನ್ನೊಬ್ಬ ಡಚ್ ಆಟಗಾರರ ಕಥೆ ಹೇಳುತ್ತೇನೆ. ಮೆರೈನ್ ಟಿಂಗಾ. ಜೀವಶಾಸ್ತ್ರ ಓದಿದವರು, ದೊಡ್ಡ ಗಾಳಿಪಟಕ್ಕೆ ಮೈ ಕಟ್ಟಿಕೊಂಡು ಅಲೆಗಳ ಮೇಲೆ ಹಲಗೆಯಲ್ಲಿ ಓಡುವವರು. ದಡದಲ್ಲಿ ಹೆಕ್ಕಿದ ಪ್ಲಾಸ್ಟಿಕ್ಕಿನಿಂದಲೇ ಹಲಗೆ ಮಾಡಿಕೊಂಡು ಉತ್ತರ ಸಮುದ್ರ ದಾಟಿ ಇಂಗ್ಲೆಂಡಿಗೆ ಹೋದರು. ಇನ್ನೊಮ್ಮೆ ಹಲಗೆಯ ಮೇಲೆ ನಿಂತು ಹುಟ್ಟು ಹಾಕುತ್ತ ರೈನ್ ನದಿಯನ್ನು ಮೇಲಿನಿಂದ ಕಡಲಿನವರೆಗೆ ಇಳಿದರು. ಕಡಲಿನ ಕಸ ನದಿಯಿಂದ ಬರುತ್ತದೆ ಎಂದು ತೋರಿಸಲು. ಅವರು ಕೇಳಿದ್ದು ಒಂದೇ: ಸಣ್ಣ ಪ್ಲಾಸ್ಟಿಕ್ ಬಾಟಲಿಗೂ ಠೇವಣಿ ಇಡಿ. ಕೊಳ್ಳುವಾಗ ನಾಲ್ಕು ಕಾಸು ಹೆಚ್ಚು ಕೊಡಬೇಕು, ಖಾಲಿ ಬಾಟಲಿ ತಂದುಕೊಟ್ಟರೆ ಅದು ವಾಪಸು. ಅವರ ಜೊತೆ ಸಾವಿರಾರು ಜನ ದನಿಗೂಡಿಸಿದರು. ವರ್ಷಗಟ್ಟಲೆ ಕಂಪನಿಗಳು ತಡೆದವು. ಕೊನೆಗೆ 2021ರ ಜುಲೈ 1ರಿಂದ ನೆದರ್ಲೆಂಡ್ಸಿನಲ್ಲಿ ಸಣ್ಣ ಬಾಟಲಿಗೆ 15 ಸೆಂಟ್ ಠೇವಣಿ ಜಾರಿಗೆ ಬಂತು, 2023ರ ಏಪ್ರಿಲಿನಿಂದ ಡಬ್ಬಿಗಳಿಗೂ.

ಇದು ನಮಗೆ ಹೊಸದೇ? ಅಂಗಡಿಯಲ್ಲಿ ಗೋಲಿ ಸೋಡಾ ಕುಡಿದು ಬಾಟಲಿ ಅಲ್ಲೇ ಕೊಟ್ಟು ಬಂದವರು ನಾವು. ಖಾಲಿ ಗಾಜಿನ ಬಾಟಲಿ ಹಿಂದಿರುಗಿಸಿ ಚಿಲ್ಲರೆ ಪಡೆದು ಪೆಪ್ಪರಮಿಂಟು ತಿಂದ ಮಕ್ಕಳು ನಾವು. ಬಾಟಲಿಗೆ ಬೆಲೆ ಇದ್ದಾಗ ಅದು ಮೋರಿಗೆ ಬೀಳಲಿಲ್ಲ. ಕರ್ನಾಟಕದ ಪಕ್ಕದ ನೀಲಗಿರಿಯಲ್ಲಿ 2022ರಿಂದ ಮದ್ಯದ ಬಾಟಲಿಗೆ ಹತ್ತು ರೂಪಾಯಿ ಹೆಚ್ಚು ಪಡೆದು, ಖಾಲಿ ತಂದರೆ ಹಿಂದಿರುಗಿಸುತ್ತಾರೆ. ಕಾಡಿನಲ್ಲಿ ಆನೆಯ ಕಾಲಿಗೆ ಗಾಜು ಚುಚ್ಚುವುದನ್ನು ತಡೆಯಲು ಹುಟ್ಟಿದ ವ್ಯವಸ್ಥೆ ಅದು, ನಡೆಯುತ್ತಿದೆ. ಮಹಾರಾಷ್ಟ್ರ 2018ರಲ್ಲೇ ಪ್ಲಾಸ್ಟಿಕ್ ನಿಷೇಧ ಹೊರಡಿಸಿತು, 2022ರ ಜುಲೈಯಿಂದ ಇಡೀ ದೇಶದಲ್ಲಿ ಒಮ್ಮೆ ಬಳಸಿ ಎಸೆಯುವ ಎಷ್ಟೋ ವಸ್ತುಗಳಿಗೆ ನಿಷೇಧವಿದೆ. ನಿಷೇಧ ಕಾಗದದಲ್ಲಿದೆ, ಬಾಟಲಿ ಅಂಬಾಝರಿಯಲ್ಲಿದೆ. ಮಹಾರಾಷ್ಟ್ರ ಮತ್ತು ಕರ್ನಾಟಕ ಎರಡೂ ಸರ್ಕಾರಗಳು ಬಾಟಲಿಗೆ ಠೇವಣಿ ತರಲಿ. ಇದನ್ನು ನಾವು ಕೇಳಬೇಕು. ಮತ ಕೇಳಲು ಬಂದವರ ಮುಂದೆ, ಹೆಸರು ಹಿಡಿದು, ಬರಹದಲ್ಲಿ ಕೇಳಬೇಕು.

ಟಿಂಗಾ ಅವರ ಗಾಳಿಪಟ ಕಡಲಿನ ಪರವಾಗಿ ಹಾರಿತು. ನಮ್ಮ ಊರಿನ ಗಾಳಿಪಟ? ಸಂಕ್ರಾಂತಿಯಲ್ಲಿ ನಾಗಪುರದ ಆಕಾಶ ನೋಡಬೇಕು, ಅಷ್ಟು ಬಣ್ಣ. ಹಬ್ಬ ಮುಗಿದ ಮೇಲೆ ಮರಗಳನ್ನು ನೋಡಿ. ನೈಲಾನ್ ಮಾಂಜಾ ಕೊಂಬೆಕೊಂಬೆಗೆ ನೇತಾಡುತ್ತದೆ. ನಿಷೇಧವಿದ್ದರೂ ಮಾರುತ್ತಾರೆ, ಕೊಳ್ಳುತ್ತೇವೆ. ದ್ವಿಚಕ್ರ ಸವಾರರ ಕುತ್ತಿಗೆ ಕೊಯ್ದಿದೆ, ಹಕ್ಕಿಗಳ ರೆಕ್ಕೆ ಕಿತ್ತಿದೆ. ಉಳಿದ ದಾರ ಕೊಳೆಯುವುದಿಲ್ಲ, ಮೊದಲ ಮಳೆಗೆ ನಾಲೆಗೆ ಇಳಿಯುತ್ತದೆ. ಮುಂದಿನ ದಾರಿ ನಿಮಗೆ ಈಗ ಗೊತ್ತು.

2021ರಲ್ಲಿ ಡಚ್ ಸಂಶೋಧಕರು ಮುಂದಾಗಿ ಮಾಡಿದ ಒಂದು ಅಧ್ಯಯನ ಪ್ರಕಟವಾಯಿತು. ನದಿಗಳ ಮೂಲಕ ಕಡಲಿಗೆ ಸೇರುವ ಪ್ಲಾಸ್ಟಿಕ್ಕಿನಲ್ಲಿ ನೂರಕ್ಕೆ ಎಂಬತ್ತು ಭಾಗ ಸಾವಿರಕ್ಕೂ ಹೆಚ್ಚು ನದಿಗಳಿಂದ ಬರುತ್ತದೆ ಎಂದು ಅದು ಲೆಕ್ಕ ಹಾಕಿತು. ಬೆರಳೆಣಿಕೆಯ ದೊಡ್ಡ ನದಿಗಳದ್ದೇ ತಪ್ಪು ಎಂಬ ಹಳೆಯ ತಿಳಿವಳಿಕೆ ತಪ್ಪಾಗಿತ್ತು. ಊರೊಳಗೆ ಹರಿಯುವ ಸಣ್ಣಪುಟ್ಟ ನದಿಗಳ ಪಾಲು ದೊಡ್ಡದಿತ್ತು. ಇದರಲ್ಲಿ ಭಯವೂ ಇದೆ, ಭರವಸೆಯೂ ಇದೆ. ಗಂಗೆಯನ್ನು ನಾನು ನೀವು ತೊಳೆಯಲಾರೆವು. ಆದರೆ ಹದಿನೇಳು ಕಿಲೋಮೀಟರಿನ ನಾಗ ನದಿಯನ್ನು, ನಮ್ಮ ಬಡಾವಣೆಯ ಒಂದು ನಾಲೆಯನ್ನು, ಒಂದು ಊರಿನ ಜನ ಮನಸ್ಸು ಮಾಡಿದರೆ ಕಾಯಬಹುದು.

ಮನೆಯಿಂದಲೇ ಶುರುಮಾಡಿ. ನಮ್ಮ ಮದುವೆ, ಗೃಹಪ್ರವೇಶ, ಸಂಘದ ಊಟಗಳಲ್ಲಿ ಬಾಳೆಎಲೆಯ ಪಕ್ಕದಲ್ಲಿ ಅಂಗೈಯಗಲದ ನೀರಿನ ಬಾಟಲಿ ಇಡುವ ಪದ್ಧತಿ ಬಂದಿದೆ. ಇನ್ನೂರು ಜನರ ಪಂಕ್ತಿ ಎದ್ದಾಗ ಇನ್ನೂರು ಬಾಟಲಿ, ಅರ್ಧ ಅರ್ಧ ನೀರು. ಹಿಂದೆ ತಂಬಿಗೆ ಹಿಡಿದು ಲೋಟಕ್ಕೆ ನೀರು ಬಡಿಸುವ ಹುಡುಗರಿದ್ದರು, ನೀರು ಬಡಿಸುವುದು ಪುಣ್ಯದ ಕೆಲಸವಾಗಿತ್ತು. ಅದನ್ನು ಮರಳಿ ತನ್ನಿ. ಮುಂದಿನ ರಾಜ್ಯೋತ್ಸವದ ಊಟದಲ್ಲಿ ಒಂದೇ ಒಂದು ಪ್ಲಾಸ್ಟಿಕ್ ಬಾಟಲಿ ಇರುವುದಿಲ್ಲ ಎಂದು ಈಗಲೇ ನಿರ್ಧಾರ ಮಾಡಿ. ಗಣಪತಿ ಮಣ್ಣಿನದಿರಲಿ, ಬಕೆಟ್ಟಿನಲ್ಲೋ ಕೃತಕ ಹೊಂಡದಲ್ಲೋ ಮುಳುಗಲಿ. ಮಕ್ಕಳ ಕೈಗೆ ಹತ್ತಿಯ ದಾರ ಕೊಡಿ, ನೈಲಾನ್ ಮಾರುವ ಅಂಗಡಿಗೆ ಮತ್ತೆ ಹೋಗಬೇಡಿ. ಫುಟಾಳಾ ಕೆರೆಯ ದಡದಲ್ಲಿ ಸುಟ್ಟ ಜೋಳ ತಿಂದು, ಚಹಾ ಕುಡಿದು ಏಳುವಾಗ ಲೋಟ ಎಲ್ಲಿ ಬಿತ್ತು ಎಂದು ಒಮ್ಮೆ ತಿರುಗಿ ನೋಡಿ.

ಆಳುವವರಲ್ಲಿ ಕೇಳಿ. ದಡದಲ್ಲಿ ಕಾರಂಜಿ, ದೀಪ, ಪ್ರತಿಮೆ ಎಲ್ಲಾ ಆಮೇಲೆ. ಮೊದಲು ಕೊಳಚೆ ಬೀಳುವ ಬಾಯಿಗಳನ್ನು ಮುಚ್ಚಿ. ನಾಗ ನದಿ ಯೋಜನೆಯಲ್ಲಿ ಯಾವ ತಿಂಗಳು ಎಷ್ಟು ಕೆಲಸವಾಯಿತು ಎಂಬುದನ್ನು ವಾರ್ಡಿನ ಗೋಡೆಯ ಮೇಲೆ ಬರೆದು ಹಾಕಿ. ನದಿಗೆ ಅದರ ಅಗಲವನ್ನು ಹಿಂದಿರುಗಿಸಿ. ಮುಂದಿನ ಸೆಪ್ಟೆಂಬರಿನಲ್ಲಿ ಯಾವ ಮಗುವನ್ನೂ ಕತ್ತಲಲ್ಲಿ ನೀರಿನಿಂದ ಎತ್ತಬೇಕಾಗಿ ಬಾರದಿರಲಿ.

ಆಟಗಾರರೇ, ನಿಮ್ಮಲ್ಲೂ ಒಂದು ಬೇಡಿಕೆ. ನೀವು ಓಡುವುದು ನಮ್ಮ ಗಾಳಿಯಲ್ಲಿ, ಈಜುವುದು ನಮ್ಮ ನೀರಿನಲ್ಲಿ. ನಿಮ್ಮ ಮಾತನ್ನು ಮಕ್ಕಳು ಅಪ್ಪ ಅಮ್ಮನ ಮಾತಿಗಿಂತ ಹೆಚ್ಚು ಕೇಳುತ್ತಾರೆ. ಪ್ರಪಂಚದ ತುದಿಯಲ್ಲಿ ತಾರಿಣಿಯ ಇಬ್ಬರು ಹೆಣ್ಣುಮಕ್ಕಳು ಸೀಸೆಗೆ ನೀರು ತುಂಬಲು ಮರೆಯಲಿಲ್ಲ. ತಂಪು ಪಾನೀಯದ ಜಾಹೀರಾತಿಗೆ ಕೊಡುವ ಮುಖವನ್ನು ವರ್ಷಕ್ಕೆ ಒಂದು ದಿನ ನಿಮ್ಮೂರ ಕೆರೆಗೂ ಕೊಡಿ.

ಆ ಬೆಳಗ್ಗೆ ನಾನು ಏರಿಯಿಂದ ಕೆಳಗಿಳಿದೆ. ಕೆಸರಿನಲ್ಲಿ ಕಾಲಿಟ್ಟು ಬಾಟಲಿ ಎತ್ತಿಕೊಂಡೆ. ಬಸವನಹುಳುವನ್ನು ಎಲೆಯ ಮೇಲೆ ಬಿಟ್ಟೆ. ಒಂದು ಬಾಟಲಿ ಎತ್ತಿದರೆ ಕೆರೆ ಉಳಿಯುವುದಿಲ್ಲ, ನನಗೆ ಗೊತ್ತು. ಆದರೆ ಆ ಒಂದು ಬಾಟಲಿ ಕನ್ಹಾನ್ ನೋಡಲಿಲ್ಲ, ಢೀವರನ ಬಲೆಗೆ ಬೀಳಲಿಲ್ಲ, ಗೋದಾವರಿಗೆ ಹೋಗಲಿಲ್ಲ, ಕಡಲಿಗೆ ಸೇರಲಿಲ್ಲ. ಈ ಮಾತು ಓದುತ್ತಿರುವ ನಿಮ್ಮ ಮನೆಯ ಮುಂದೆಯೂ ಒಂದು ಮೋರಿ ಇದೆ. ಇವತ್ತು ಸಂಜೆ ಅದರ ಬಳಿ ಹೋಗಿ ನಿಂತು ನೋಡಿ. ಕಡಲು ಅಲ್ಲಿಂದಲೇ ಶುರು. ಅದನ್ನು ಕಾಯುವ ಕೆಲಸವೂ ಅಲ್ಲಿಂದಲೇ ಶುರುವಾಗಲಿ.